'ಕಾಂಪ್' ಅಂತ ಅರ್ಧ ಬರೆದಿದ್ದ ಚೀಟಿ

ಆ ಚೀಟಿಯಲ್ಲಿ ಕಾಯಿಲೆಯ ಬಗ್ಗೆ ಇದ್ದದ್ದು ಒಂದೇ ಸಾಲು. ಮೊದಲು 'ಕಾಂಪ್' ಅಂತ ಇಂಗ್ಲಿಷಿನ ಅರ್ಧ ಪದ. ಪಕ್ಕದಲ್ಲಿ ಫ್ರ್ಯಾಕ್ಚರ್ ಅನ್ನೋದಕ್ಕೆ ಡಾಕ್ಟರುಗಳು ಹಾಕುವ ಹ್ಯಾಶ್ ಗುರುತು. ಆಮೇಲೆ 'ಶಾಫ್ಟ್ ಫೀಮರ್, ರೈಟ್', ಅಂದರೆ ಬಲ ತೊಡೆ ಮೂಳೆಯ ನಡುಭಾಗ. ಕೆಳಗೆ ಟಿಟಿ ಇಂಜೆಕ್ಷನ್ ಕೊಟ್ಟ ಹೊತ್ತು, ಆಂಟಿಬಯೋಟಿಕ್ ಕೊಟ್ಟ ಹೊತ್ತು, ಒಂದು ಸಹಿ.

ಆಂಬುಲೆನ್ಸ್ ಕುಶಾಲನಗರ ದಾಟಿ ಕೊಪ್ಪದ ಸೇತುವೆ ಮೇಲೆ ಹೋಗುತ್ತಿತ್ತು. ಕೆಳಗೆ ಕಾವೇರಿ. ಒಳಗೆ ಚಿಕ್ಕಪ್ಪ ಮಲಗಿದ್ದರು. ಬಲಗಾಲನ್ನು ಥಾಮಸ್ ಸ್ಪ್ಲಿಂಟ್‌ನ ಕಬ್ಬಿಣದ ಚೌಕಟ್ಟಿಗೆ ಕಟ್ಟಿದ್ದರು. ನನ್ನ ಕೈಯಲ್ಲಿ ಆ ಚೀಟಿ. ಸುಮ್ನೆ ಕೂರಲು ಆಗದೆ ಅದನ್ನೇ ಮತ್ತೆ ಮತ್ತೆ ಓದುತ್ತಿದ್ದೆ. ಆ ಅರ್ಧ ಪದ ಮುಂದೆ ನಮ್ಮನ್ನು ಎಷ್ಟು ಅಲೆದಾಡಿಸುತ್ತದೆ ಅಂತ ಆಗ ಗೊತ್ತಿರಲಿಲ್ಲ. ಆದರೆ ನೋಡಿದ ಕೂಡಲೇ ಒಂಥರಾ ಕಸಿವಿಸಿ ಆಗಿತ್ತು. ಯಾಕೆಂದರೆ ಇಂಥ ಸಾಲುಗಳನ್ನು ಓದಿ ಕೋಡ್ ಹಾಕುವುದೇ ನನ್ನ ಕೆಲಸ.

ಅದು ಮಾರ್ಚ್ ತಿಂಗಳು. ಸುಂಟಿಕೊಪ್ಪದ ಹತ್ತಿರ ನಮ್ಮ ತೋಟದಲ್ಲಿ ರೋಬಸ್ಟಾ ಕೊಯ್ಲು ಮುಗಿದು ಕರಿಮೆಣಸು ಶುರುವಾಗಿತ್ತು. ಮೆಣಸಿನ ಬಳ್ಳಿ ಸಿಲ್ವರ್ ಓಕ್ ಮರವನ್ನು ಹಬ್ಬಿ ಮೇಲಕ್ಕೆ ಹೋಗಿರುತ್ತದೆ. ಅದನ್ನು ಕೊಯ್ಯಲು ನಮ್ಮ ಕಡೆ ಒಂಟಿ ಬಿದಿರಿನ ಏಣಿ ಹಾಕುತ್ತಾರೆ. ಒಂದೇ ಬಿದಿರು, ಗೆಣ್ಣು ಗೆಣ್ಣಿಗೆ ಕಾಲಿಡಲು ಕೊಂಬೆ ಬಿಟ್ಟಿರುತ್ತಾರೆ. ಹಿಂದಿನ ದಿನ ಕಾಫಿ ಹೂವಿಗೆ ಬೇಕಾದ ಮಳೆ ಒಂದು ಹದ ಬಿದ್ದಿತ್ತು. ಎಲ್ಲರಿಗೂ ಖುಷಿ. ಆದರೆ ನೆಲ ಒದ್ದೆ. ಏಣಿಯ ಬುಡ ಜಾರಿತು. ಚಿಕ್ಕಪ್ಪ ಸುಮಾರು 20 ಅಡಿ ಮೇಲಿಂದ ಬಿದ್ದರು, ಅದೂ ಕಡಿದ ಕಾಫಿ ಗಿಡದ ಮೋಟಿನ ಮೇಲೆ.

ನಾನು ಓಡಿ ಹೋದಾಗ ತೊಡೆ ಬಾಗಬಾರದ ಕಡೆ ಬಾಗಿತ್ತು. ಹೊರಗಡೆ ಮೂಳೆ ಕಾಣಿಸುತ್ತಿರಲಿಲ್ಲ. ತೊಡೆಯ ಹೊರಬದಿಯಲ್ಲಿ ಒಂದು ಸಣ್ಣ ತೂತು, ಕಡ್ಲೆಕಾಳಿನಷ್ಟು ಇರಬಹುದು. ಅದರಿಂದ ಕಪ್ಪು ಕೆಂಪು ರಕ್ತ ನಿಧಾನವಾಗಿ ಬರುತ್ತಿತ್ತು. ತೂತಿನ ಅಂಚಿಗೆ ಒಂದು ಒಣಗಿದ ಎಲೆ ಚೂರು ಅಂಟಿಕೊಂಡಿತ್ತು. ಅಲ್ಲಿದ್ದವರಲ್ಲಿ ಒಬ್ಬರು, "ಅಯ್ಯೋ, ಗಾಯ ಸಣ್ಣದೇ, ಹೊಲಿಗೆ ಹಾಕಿದರೆ ಆಯ್ತು" ಅಂದರು. ನನಗೆ ಎದೆ ಧಸಕ್ ಅಂದಿತು. ಮುರಿದ ಮೂಳೆಯ ಮೊನೆ ಒಳಗಿನಿಂದ ಚರ್ಮ ಚುಚ್ಚಿ ಹೊರಗೆ ಬಂದು ಮತ್ತೆ ಒಳಗೆ ಹೋಗಿದ್ದರೆ ತೂತು ಹಾಗೇ ಕಾಣುತ್ತದೆ. ಹೊರಗಿನ ಗಾಳಿ, ಮಣ್ಣು ಮೂಳೆಯವರೆಗೂ ಹೋಗಿರುತ್ತದೆ. ಅದಕ್ಕೇ ಇದನ್ನು ಓಪನ್ ಫ್ರ್ಯಾಕ್ಚರ್ ಅನ್ನುತ್ತಾರೆ. ತೂತು ಎಷ್ಟು ದೊಡ್ಡದು ಅನ್ನೋದು ಆಮೇಲಿನ ಮಾತು.

ಚೊಕ್ಕ ಬಟ್ಟೆ ಒತ್ತಿ ಹಿಡಿದು, ಎರಡೂ ಕಾಲು ಸೇರಿಸಿ ಪಂಚೆಯಿಂದ ಕಟ್ಟಿ, ಜೀಪಿನಲ್ಲಿ ಮಲಗಿಸಿಕೊಂಡು ಹೋದೆವು. ಹತ್ತಿರದ ಆಸ್ಪತ್ರೆಯಲ್ಲಿ ಮಾಡಬೇಕಾದ್ದನ್ನು ಚೆನ್ನಾಗಿಯೇ ಮಾಡಿದರು. ಡ್ರಿಪ್, ಆಂಟಿಬಯೋಟಿಕ್, ಟಿಟಿ, ಗಾಯಕ್ಕೆ ಸಲೈನ್ ಹಾಕಿ ಡ್ರೆಸಿಂಗ್, ಸ್ಪ್ಲಿಂಟ್. ತೊಡೆ ಮೂಳೆ ಮುರಿದರೆ ಒಳಗೊಳಗೇ ಒಂದರಿಂದ ಒಂದೂವರೆ ಲೀಟರ್ ರಕ್ತ ಹೋಗಬಹುದು. ಹೊರಗೆ ಹನಿ ಹನಿ ಕಂಡರೂ ನಂಬುವ ಹಾಗಿಲ್ಲ. ಅದಕ್ಕೆ ಆ ಚೀಟಿ ಬರೆದುಕೊಟ್ಟು ತಡ ಮಾಡದೆ ಮೈಸೂರಿಗೆ ಕಳಿಸಿದರು. ಕೊಡಗಿನವರಿಗೆ ಈ ದಾರಿ ಗೊತ್ತೇ ಇದೆ. ದೊಡ್ಡ ಪೆಟ್ಟು ಬಿದ್ದರೆ ಪಿರಿಯಾಪಟ್ಟಣ, ಹುಣಸೂರು ದಾಟಿ ಮೈಸೂರಿಗೆ, ಇಲ್ಲ ಸಂಪಾಜೆ ಘಾಟಿ ಇಳಿದು ಸುಳ್ಯದ ಮೇಲೆ ಮಂಗಳೂರಿಗೆ.

ಈಗ ನನ್ನ ಕೆಲಸದ ವಿಷಯ ಹೇಳಬೇಕು. ಇಲ್ಲದಿದ್ದರೆ ಮುಂದಿನದು ಅರ್ಥ ಆಗುವುದಿಲ್ಲ.

ನಾನು ಬಿಎಸ್ಸಿ ಮುಗಿಸಿ ಮೈಸೂರಿನಲ್ಲಿ ಮೂರು ತಿಂಗಳು ಮೆಡಿಕಲ್ ಕೋಡಿಂಗ್ ಕಲಿತೆ. ಈಗ ಮನೆಯಿಂದಲೇ ಅಮೆರಿಕದ ಆಸ್ಪತ್ರೆಗಳ ಚಾರ್ಟ್ ನೋಡುತ್ತೇನೆ. ಡಾಕ್ಟರು ಬರೆದ ನೋಟ್ ಓದಬೇಕು, ಕಾಯಿಲೆಗೆ ಸರಿಯಾದ ಕೋಡ್ ಹಾಕಬೇಕು. ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ ಅನ್ನುವ ಪಟ್ಟಿ ಇದಕ್ಕೆ ಮೂಲ. ಅದರ 10ನೇ ಆವೃತ್ತಿ 1990ರಲ್ಲಿ ಒಪ್ಪಿಗೆ ಪಡೆಯಿತು. ಅಮೆರಿಕದವರು ಅದನ್ನು ತಮಗೆ ಬೇಕಾದ ಹಾಗೆ ಹಿಗ್ಗಿಸಿ ಐಸಿಡಿ-10-ಸಿಎಂ ಮಾಡಿಕೊಂಡರು. 2015ರ ಅಕ್ಟೋಬರ್ 1ರಿಂದ ಅಲ್ಲಿ ಅದೇ ನಡೆಯುತ್ತಿದೆ. ಅದಕ್ಕೂ ಮೊದಲಿನ 9ನೇ ಆವೃತ್ತಿಯಲ್ಲಿ ತೊಡೆ ಮೂಳೆಯ ನಡುಭಾಗ ಮುರಿದು ಓಪನ್ ಆದರೆ ಒಂದೇ ಕೋಡ್, 821.11. ಎಡ ಬಲ ಕೂಡ ಕೇಳುತ್ತಿರಲಿಲ್ಲ. ಈಗ ಆ ನಡುಭಾಗ ಒಂದಕ್ಕೇ ಲೆಕ್ಕ ಹಾಕಿದರೆ 500ಕ್ಕೂ ಜಾಸ್ತಿ ಕೋಡ್ ಇವೆ.

ಕೇಳಿದರೆ ತಲೆ ತಿರುಗುತ್ತದೆ. ಆದರೆ ಒಂದೊಂದೇ ಅಕ್ಷರ ಬಿಡಿಸಿದರೆ ಸುಲಭ. ಎಸ್72 ಅಂದರೆ ತೊಡೆ ಮೂಳೆ ಮುರಿತ. ಆಮೇಲಿನ ಅಂಕಿ ಎಲ್ಲಿ ಮುರಿದಿದೆ ಅಂತ ಹೇಳುತ್ತದೆ. 0 ಅಂದರೆ ಸೊಂಟದ ಕಡೆಯ ತಲೆ ಮತ್ತು ಕುತ್ತಿಗೆ, 3 ಅಂದರೆ ನಡುಭಾಗ, 4 ಅಂದರೆ ಮಂಡಿಯ ಕಡೆಯ ತುದಿ. ಐದನೆಯದು ಹೇಗೆ ಮುರಿದಿದೆ ಅಂತ ಹೇಳುತ್ತದೆ. ಅಡ್ಡಕ್ಕೆ ಮುರಿದಿದ್ದರೆ 2, ಓರೆಯಾಗಿದ್ದರೆ 3, ತಿರುಚಿ ಮುರಿದಿದ್ದರೆ 4, ಚೂರು ಚೂರಾಗಿದ್ದರೆ 5. ಆರನೆಯದರಲ್ಲಿ ಎಡವೋ ಬಲವೋ, ಮೂಳೆ ಜಾಗ ಬಿಟ್ಟು ಸರಿದಿದೆಯೋ ಇಲ್ಲವೋ ಎರಡೂ ಬರುತ್ತವೆ. ಇಷ್ಟು ಆದ ಮೇಲೆ ಏಳನೆಯ ಅಕ್ಷರ. ನಾನು ಜಾಸ್ತಿ ಕಷ್ಟಪಟ್ಟಿದ್ದು ಇಲ್ಲೇ.

ಕೈ ಕಾಲಿನ ಬೇರೆ ಎಷ್ಟೋ ಮೂಳೆಗಳಿಗೆ ಏಳನೇ ಜಾಗದಲ್ಲಿ ಕೆಲವೇ ಅಕ್ಷರ ಇವೆ. ತೊಡೆ ಮೂಳೆಗೆ 16. ಎ ಇಂದ ಎಸ್ ತನಕ, ನಡುವೆ ಐ, ಎಲ್, ಓ ಬಿಟ್ಟು. ಮೊದಲ ಚಿಕಿತ್ಸೆಯ ಹಂತಕ್ಕೆ ಮೂರು. ಮುಚ್ಚಿದ ಮುರಿತಕ್ಕೆ ಎ. ಓಪನ್ ಆದರೆ ಪೆಟ್ಟು ಎಷ್ಟು ಗಂಭೀರ ಅಂತ ಡಾಕ್ಟರು ಒಂದು ಟೈಪ್ ಬರೆಯುತ್ತಾರೆ. ಓಪನ್, ಟೈಪ್ 1 ಅಥವಾ 2 ಆದರೆ ಬಿ. ಓಪನ್, ಟೈಪ್ 3ಎ, 3ಬಿ, 3ಸಿ ಯಾವುದಾದರೂ ಸಿ. ಮೂಳೆ ಕೂಡುವ ಹಂತಕ್ಕೆ ಬಂದ ಮೇಲೆ ಇದೇ ಮೂರು ಗುಂಪು ಮತ್ತೆ ಮತ್ತೆ ಬರುತ್ತವೆ. ಸರಿಯಾಗಿ ಕೂಡುತ್ತಿದ್ದರೆ ಡಿ, ಇ, ಎಫ್. ತಡವಾದರೆ ಜಿ, ಎಚ್, ಜೆ. ಕೂಡದೇ ಹೋದರೆ ಕೆ, ಎಂ, ಎನ್. ಸೊಟ್ಟ ಕೂಡಿದರೆ ಪಿ, ಕ್ಯೂ, ಆರ್. ಹಳೆ ಗಾಯದಿಂದ ಮುಂದೆಂದೋ ಉಳಿದ ತೊಂದರೆಗೆ ಎಸ್.

ಕಲಿಯುವಾಗ ಸಾಲು ಸಾಲಾಗಿ ಬಾಯಿಪಾಠ ಮಾಡಿದ್ದೆ. ಅದು ಪ್ರಯೋಜನಕ್ಕೆ ಬರಲಿಲ್ಲ. ಕೆಲಸಕ್ಕೆ ಸೇರಿದ ಎರಡನೇ ತಿಂಗಳು ಒಂದು ಚಾರ್ಟ್ ಬಂತು. ಬೈಕಿನಿಂದ ಬಿದ್ದ ಒಬ್ಬರು, ತೊಡೆ ಮೂಳೆ ಓಪನ್ ಫ್ರ್ಯಾಕ್ಚರ್. ನೋಟಿನಲ್ಲಿ ಗಾಯದ ಅಳತೆ ಕೂಡ ಇತ್ತು. ನಾನು ಮುರಿತಕ್ಕೆ ಎಸ್72.301ಎ ಹಾಕಿದೆ. ಗಾಯ ಬಿಟ್ಟುಹೋಗಬಾರದು ಅಂತ ತೊಡೆಯ ಗಾಯದ ಕೋಡ್ ಎಸ್71.111ಎ ಅನ್ನೂ ಸೇರಿಸಿದೆ. ಆಡಿಟ್‌ನಲ್ಲಿ ಎರಡಕ್ಕೂ ಕೆಂಪು ಗುರುತು ಬಿತ್ತು. ನಮ್ಮ ಟ್ರೇನರ್ ಫೋನ್ ಮಾಡಿ ಬಿಡಿಸಿ ಹೇಳಿದರು: "ನೀನು ಮೂಳೆಯನ್ನು ಮುಚ್ಚಿಟ್ಟೆ, ಗಾಯವನ್ನು ಅದರ ಪಕ್ಕ ಬೇರೆ ಇಟ್ಟೆ. ಓಪನ್ ಅಂದರೆ ಗಾಯ, ಮುರಿತ ಎರಡೂ ಒಂದೇ ಪೆಟ್ಟು. ಆ ಗಾಯವನ್ನು ಏಳನೇ ಅಕ್ಷರವೇ ಹೇಳುತ್ತದೆ." ಎಸ್71ರ ಕೆಳಗೆ ಆ ಮಾತು ಅಚ್ಚಾಗಿಯೇ ಇದೆ. ತೊಡೆಯ ಓಪನ್ ಫ್ರ್ಯಾಕ್ಚರ್ ಇಲ್ಲಿ ಸೇರುವುದಿಲ್ಲ, ಎಸ್72ಕ್ಕೆ ಹೋಗಿ ಅಂತ. ನಾನು ಅಷ್ಟು ಕೆಳಗಿನ ತನಕ ಓದಿರಲಿಲ್ಲ. ಅವತ್ತಿನಿಂದ ಕೋಡ್ ಹಾಕುವ ಮೊದಲು ಅದರ ಕೆಳಗಿನ ಸೂಚನೆ ಓದದೆ ಮುಂದೆ ಹೋಗಿಲ್ಲ.

ಇದರ ಹಿಂದೆ ಇನ್ನೊಂದು ನಿಯಮ ಇದೆ. ಡಾಕ್ಟರು ಓಪನ್ ಅಂತಲೂ ಕ್ಲೋಸ್ಡ್ ಅಂತಲೂ ಬರೆಯದಿದ್ದರೆ ಕ್ಲೋಸ್ಡ್ ಅಂತಲೇ ಹಾಕಬೇಕು. ಓಪನ್ ಅಂತ ಬರೆದು ಟೈಪ್ ಬರೆಯದಿದ್ದರೆ ಬಿ. ಮೂಳೆ ಸರಿದಿದೆಯೋ ಇಲ್ಲವೋ ಬರೆಯದಿದ್ದರೆ ಸರಿದಿದೆ ಅಂತ. ಬಿಟ್ಟುಹೋದ ಪದಕ್ಕೂ ಒಂದು ಅರ್ಥ ಬಂದುಬಿಡುತ್ತದೆ, ಅಲ್ವಾ. ನೋಟಿನಲ್ಲಿ ಗಾಯ ತೊಳೆದಿದ್ದು ಇರಬಹುದು, ಎಕ್ಸ್‌ರೇ ಇರಬಹುದು. ಕೋಡರ್ ಅದನ್ನೆಲ್ಲ ನೋಡಿ ತಾನೇ ತೀರ್ಮಾನ ಮಾಡುವ ಹಾಗಿಲ್ಲ. ಚಿಕಿತ್ಸೆ ಕೊಟ್ಟವರ ಮಾತು ಬೇಕು. ಅನುಮಾನ ಬಂದರೆ ಪ್ರಶ್ನೆ ಕಳಿಸಬೇಕು. ಆ ಪ್ರಶ್ನೆ ಕೂಡ "ಇದು ಓಪನ್ ಅಲ್ವಾ ಡಾಕ್ಟ್ರೇ?" ಅಂತ ಉತ್ತರವನ್ನು ಬಾಯಿಗೆ ಇಟ್ಟ ಹಾಗೆ ಇರಬಾರದು. ದಾಖಲೆಯಲ್ಲಿ ಹೀಗೆ ಹೀಗೆ ಇದೆ, ಮುರಿತ ಯಾವ ಬಗೆಯದು ಅಂತ ದಯವಿಟ್ಟು ತಿಳಿಸಿ ಅಂತ ಇರಬೇಕು.

ಇನ್ನು 'ಕಾಂಪ್'. ಈ ಕೆಲಸಕ್ಕೆ ಬಂದ ಎಲ್ಲರೂ ಒಮ್ಮೆಯಾದರೂ ಎಡವುವ ಜಾಗ ಇದು. ಕಾಂಪೌಂಡ್ ಅಂದರೆ ಓಪನ್. ಹಳೆ ಕಾಲದ ಪದ, ನಮ್ಮ ಡಾಕ್ಟರುಗಳು ಈಗಲೂ ಬಳಸುತ್ತಾರೆ. ಕಮಿನ್ಯೂಟೆಡ್ ಅಂದರೆ ಮೂಳೆ ಚೂರು ಚೂರಾಗಿದೆ ಅಂತ ಅಷ್ಟೇ. ಚರ್ಮ ಹರಿದಿದೆಯೋ ಇಲ್ಲವೋ ಅದು ಹೇಳುವುದಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಪುಸ್ತಕದಲ್ಲಿ ಎರಡು ಪಟ್ಟಿ ಇವೆ. ಕಾಂಪೌಂಡ್ ಓಪನ್ ಕಡೆಯ ಪಟ್ಟಿಯಲ್ಲಿದೆ. ಕಮಿನ್ಯೂಟೆಡ್, ಬೇರೆ ಏನೂ ಹೇಳದಿದ್ದರೆ, ಕ್ಲೋಸ್ಡ್ ಕಡೆಯ ಪಟ್ಟಿಯಲ್ಲಿದೆ. ಎರಡೂ ಇಂಗ್ಲಿಷಿನಲ್ಲಿ ಒಂದೇ ಮೂರು ಅಕ್ಷರದಿಂದ ಶುರುವಾಗುತ್ತವೆ. ಅವಸರದಲ್ಲಿ ಬರೆದ ಕೈಬರಹದಲ್ಲಿ ನಾಲ್ಕನೇ ಅಕ್ಷರ ಪಿ ಆಗಿತ್ತೋ ಎಂ ಆಗಿತ್ತೋ ಹೇಳುವುದು ಯಾರಿಗೂ ಕಷ್ಟ. ಚಿಕ್ಕಪ್ಪನ ಚೀಟಿಯಲ್ಲಿ ಅದು ಪಿ ಅಂತಲೇ ನನಗೆ ಕಂಡಿತು. ನಾನು ತೂತು ನೋಡಿದ್ದೆ. ನೋಡದವರಿಗೆ ಹಾಗೇ ಕಾಣಬೇಕು ಅಂತೇನೂ ಇಲ್ಲ.

ಮೈಸೂರಿನ ಆಸ್ಪತ್ರೆ ತಲುಪಿದಾಗ ಸಂಜೆ. ರಾತ್ರಿಯೇ ಒಟಿಗೆ ತಗೊಂಡರು. ಹೊರಗೆ ಬೆಂಚಿನ ಮೇಲೆ ಚಿಕ್ಕಮ್ಮ, ನಾನು, ತೋಟದಿಂದ ಬಂದ ಇಬ್ಬರು. ಚಿಕ್ಕಮ್ಮ ಒಂದೇ ಸಮನೆ ಕೇಳುತ್ತಿದ್ದರು, "ಗಾಯ ಸಣ್ಣದು ತಾನೇ? ಸಣ್ಣದು ತಾನೇ?" ನಾನು ಹೂಂ ಅನ್ನುತ್ತಿದ್ದೆ. ಬೇರೆ ಏನು ಹೇಳಲಿ?

ಮಧ್ಯರಾತ್ರಿ ದಾಟಿದ ಮೇಲೆ ಸರ್ಜನ್ ಬಂದರು. ಹಸಿರು ಟೋಪಿ ಇನ್ನೂ ತಲೆಯ ಮೇಲೆ ಇತ್ತು. ಅವರು ಅವತ್ತು ನಿಂತು ಅಷ್ಟು ಹೊತ್ತು ವಿವರಿಸಿದ್ದನ್ನು ನಾನು ಮರೆಯುವುದಿಲ್ಲ. ತೂತು ಒಂದು ಸೆಂಟಿಮೀಟರಿಗಿಂತ ಚಿಕ್ಕದು, ಹೊರಗಿನಿಂದ ನೋಡಿದರೆ ಟೈಪ್ 1 ಅನ್ನಬಹುದಿತ್ತು. ಆದರೆ ಅದನ್ನು ಅಗಲಿಸಿ ಒಳಗೆ ನೋಡಿದರೆ ಮಾಂಸಖಂಡ ಜಜ್ಜಿಹೋಗಿದೆ, ಮೂಳೆ ನಾಲ್ಕೈದು ಚೂರಾಗಿದೆ, ಮಾಂಸದ ಪದರದೊಳಗೆ ತೋಟದ ಮಣ್ಣು, ಎಲೆ ಚೂರು ಸಿಕ್ಕಿದೆ ಅಂದರು. "ಟೈಪ್ 3ಎ ಅಂತ ಬರೆಯುತ್ತೇನೆ. ಮೂಳೆ ಮುಚ್ಚುವಷ್ಟು ಮಾಂಸ ಇದೆ, ರಕ್ತನಾಳ ಚೆನ್ನಾಗಿದೆ. ಅದು ದೊಡ್ಡ ಸಮಾಧಾನ." ಹೊರಗಿನಿಂದ ಚೌಕಟ್ಟು ಹಾಕಿ ಮೂಳೆ ಹಿಡಿದಿಟ್ಟಿದ್ದೇವೆ, ಎರಡು ದಿನ ಬಿಟ್ಟು ಮತ್ತೆ ಒಳಗೆ ನೋಡಿ ತೊಳೆಯುತ್ತೇವೆ, ಚೊಕ್ಕವಾಗಿದ್ದರೆ ಮೂಳೆಯೊಳಗೆ ರಾಡ್ ಹಾಕುತ್ತೇವೆ ಅಂತ ಹೇಳಿ ಹೋದರು.

ಈ ಟೈಪ್‌ಗಳನ್ನು ನಾನು ಪ್ರತಿ ದಿನ ಓದುತ್ತೇನೆ. ಅಮೆರಿಕದಲ್ಲಿ ಗುಸ್ಟಿಲೊ ಮತ್ತು ಆಂಡರ್ಸನ್ ಅನ್ನುವ ಇಬ್ಬರು ಡಾಕ್ಟರುಗಳು 1,025 ಓಪನ್ ಫ್ರ್ಯಾಕ್ಚರ್‌ಗಳ ಚಿಕಿತ್ಸೆ ಕುರಿತು 1976ರಲ್ಲಿ ಬರೆದ ಲೇಖನದಿಂದ ಬಂದಿದ್ದು ಅವು. 1984ರಲ್ಲಿ ಗುಸ್ಟಿಲೊ ಮತ್ತು ಜೊತೆಯವರು ಮೂರನೇ ಟೈಪನ್ನು ಎ, ಬಿ, ಸಿ ಅಂತ ಒಡೆದರು. ಪೆಟ್ಟು ಜೋರಾಗಿದ್ದರೂ ಮೂಳೆ ಮುಚ್ಚುವಷ್ಟು ಮಾಂಸ ಉಳಿದಿದ್ದರೆ 3ಎ. ಮೂಳೆಯ ಮೇಲಿನ ಪೊರೆ ಕಿತ್ತು ಬಂದು, ಬೇರೆ ಕಡೆಯಿಂದ ಮಾಂಸ ತಂದು ಮುಚ್ಚಬೇಕಾದರೆ 3ಬಿ. ರಕ್ತನಾಳ ಹರಿದು ಜೋಡಿಸಬೇಕಾದರೆ 3ಸಿ. ಸೋಂಕು ಎಷ್ಟು ಬರಬಹುದು, ಕಾಲು ಉಳಿಯುತ್ತದೋ ಇಲ್ಲವೋ ಅನ್ನುವ ಅಂದಾಜು ಇದರ ಮೇಲೆ ನಿಂತಿದೆ. ಸರಿಯಾದ ಟೈಪ್ ಗೊತ್ತಾಗುವುದು ಒಟಿಯ ಒಳಗೇ ಅಂತ ಪುಸ್ತಕದಲ್ಲಿ ಓದಿದ್ದೆ. ಅದು ಎಷ್ಟು ನಿಜ ಅಂತ ಆ ಬೆಂಚಿನ ಮೇಲೆ ಕೂತಾಗ ಗೊತ್ತಾಯಿತು. ಆ ಕ್ಷಣ ನನ್ನ ತಲೆಯಲ್ಲಿ ತಾನಾಗಿಯೇ ಮೂಡಿದ ಕೋಡ್ ಎಸ್72.351ಸಿ. ಬಲ ತೊಡೆ ಮೂಳೆಯ ನಡುಭಾಗ, ಚೂರು ಚೂರಾಗಿ ಸರಿದಿದೆ, ಓಪನ್, ಟೈಪ್ 3, ಮೊದಲ ಚಿಕಿತ್ಸೆ. ಎಷ್ಟೋ ಸಲ ಟೈಪ್ ಮಾಡಿದ ಅಕ್ಷರಗಳು. ಈ ಸಲ ಅವು ನಮ್ಮ ಮನೆಯವರು.

ಚಿಕ್ಕಪ್ಪ 16 ದಿನ ಆಸ್ಪತ್ರೆಯಲ್ಲಿದ್ದರು. ಎರಡು ಸಲ ಗಾಯ ತೊಳೆದು ಸತ್ತ ಮಾಂಸ ತೆಗೆದರು. ಆಮೇಲೆ ರಾಡ್ ಹಾಕಿದರು. ಸೋಂಕು ಬರಲಿಲ್ಲ. ಬಿಡುಗಡೆಯ ದಿನ ವಿಮೆಯವರ ಪ್ರಶ್ನೆ ಬಂತು.

ಕ್ಲೋಸ್ಡ್ ಫ್ರ್ಯಾಕ್ಚರ್ ಅಂತ ಕೋಡ್ ಇದೆ. ಹಾಗಿರುವಾಗ ಎರಡು ಸಲ ಗಾಯ ತೊಳೆಯುವ ಆಪರೇಷನ್ ಯಾಕೆ, ಹೊರಗಿನ ಚೌಕಟ್ಟು ಯಾಕೆ, ಇಷ್ಟು ದಿನ ಆಂಟಿಬಯೋಟಿಕ್ ಯಾಕೆ? ಇದು ಅವರ ಪ್ರಶ್ನೆ. ಉತ್ತರ ಬರುವವರೆಗೆ ಉಳಿದ ಹಣ ಕೊಡುವುದಿಲ್ಲ. ಚಿಕ್ಕಮ್ಮನಿಗೆ ಇದು ಅರ್ಥವೇ ಆಗಲಿಲ್ಲ. "ತೂತು ಇತ್ತಲ್ಲ, ನೀನೇ ನೋಡಿದ್ದೆಯಲ್ಲ" ಅಂದರು. ಆಗ ಬಿಲ್ಲಿನ ಉಳಿದ ಹಣಕ್ಕೆ ಮೆಣಸು ಮಾರುವ ಮೊದಲೇ ವ್ಯಾಪಾರಿಯಿಂದ ಮುಂಗಡ ತಂದು ಕಟ್ಟಬೇಕಾಯಿತು. ಕಟ್ಟಿ ಮನೆಗೆ ಕರೆತಂದೆವು.

ನಾನು ಪೇಪರುಗಳನ್ನು ಮಂಚದ ಮೇಲೆ ಹರಡಿ ಕೂತೆ. ನಮ್ಮ ದೇಶದ ವಿಮೆ ಅರ್ಜಿಯಲ್ಲಿ ಆಸ್ಪತ್ರೆಯವರು ತುಂಬುವ ಬಿ ಭಾಗ ಇರುತ್ತದೆ. ಅದರಲ್ಲಿ ಐಸಿಡಿ-10 ಕೋಡಿಗೆ ಒಂದು ಜಾಗ. ಅಲ್ಲಿ ಎಸ್72.30 ಅಂತ ಇತ್ತು. ನಮ್ಮಲ್ಲಿ ಬಳಸುವುದು ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಪಟ್ಟಿ. ಅದರಲ್ಲಿ ಏಳು ಅಕ್ಷರದ ಗೋಜಿಲ್ಲ. ಕೊನೆಯಲ್ಲಿ 0 ಬಂದರೆ ಕ್ಲೋಸ್ಡ್, 1 ಬಂದರೆ ಓಪನ್. ಅಷ್ಟೇ. ಅಮೆರಿಕದ ಪಟ್ಟಿಯಲ್ಲಿ ಎಸ್72.30 ಅಂದರೆ ಬೇರೆ ಅರ್ಥ, ಹೇಗೆ ಮುರಿದಿದೆ ಅಂತ ಹೇಳಿಲ್ಲ ಅಂತ. ಎಸ್72.31 ಅಂತೂ ಅಲ್ಲಿ ಇಲ್ಲವೇ ಇಲ್ಲ. ಎರಡೂ ಪಟ್ಟಿ ನೋಡುವವರು ಇದನ್ನು ನೆನಪಿಡಬೇಕು. ಅಂಕಿ ಒಂದೇ ಇದ್ದರೂ ಮಾತು ಬೇರೆ.

ಡಿಸ್‌ಚಾರ್ಜ್ ಸಮ್ಮರಿಯ ಮೇಲ್ಗಡೆ ರೋಗದ ಹೆಸರು ಟೈಪಾಗಿತ್ತು: ಕಮಿನ್ಯೂಟೆಡ್ ಫ್ರ್ಯಾಕ್ಚರ್ ಶಾಫ್ಟ್ ಆಫ್ ಫೀಮರ್, ರೈಟ್. ಓಪನ್ ಅನ್ನೋ ಪದ ಎಲ್ಲೂ ಇಲ್ಲ. ಅಲ್ಲಿಗೆ ದಾರಿ ಗೊತ್ತಾಯಿತು. ದಾಖಲಾದ ರಾತ್ರಿ ಯಾರೋ ನಮ್ಮ ಚೀಟಿಯ 'ಕಾಂಪ್' ನೋಡಿ ಕಮಿನ್ಯೂಟೆಡ್ ಅಂತ ಬಿಡಿಸಿ ಬರೆದಿದ್ದಾರೆ. ಮೂಳೆ ನಿಜವಾಗಿಯೂ ಚೂರಾಗಿದ್ದರಿಂದ ಯಾರಿಗೂ ತಪ್ಪು ಅನ್ನಿಸಿಲ್ಲ. ಸಮ್ಮರಿಗೆ ಅದೇ ಇಳಿದಿದೆ. ಕೋಡ್ ಹಾಕಿದವರು ಸಮ್ಮರಿಯ ಮೇಲಿನ ಸಾಲು ನೋಡಿ, ಓಪನ್ ಅಂತ ಇಲ್ಲದ್ದರಿಂದ ನಿಯಮದ ಪ್ರಕಾರವೇ 0 ಹಾಕಿದ್ದಾರೆ. ಒಬ್ಬೊಬ್ಬರ ಕೆಲಸ ನೋಡಿದರೆ ಯಾರೂ ದೊಡ್ಡ ತಪ್ಪು ಮಾಡಿಲ್ಲ. ಆದರೆ ಮಣ್ಣು ಹೊಕ್ಕ ಮುರಿತ ಕಾಗದದ ಮೇಲೆ ಮುಚ್ಚಿಹೋಗಿತ್ತು.

ನನಗೆ ಹಣದಷ್ಟೇ ಚಿಂತೆ ಇನ್ನೊಂದಿತ್ತು. ಚಿಕ್ಕಪ್ಪನ ಮೂಳೆ ಕೂಡಲು ತಡವಾದರೆ, ಎರಡು ವರ್ಷ ಬಿಟ್ಟು ಅಲ್ಲಿ ಕೀವು ಬಂದರೆ, ಬೇರೆ ಊರಿನ ಬೇರೆ ಡಾಕ್ಟರು ಈ ಸಮ್ಮರಿಯನ್ನೇ ಓದುತ್ತಾರೆ. ಮುಚ್ಚಿದ ಮುರಿತ ಅಂದುಕೊಂಡೇ ಶುರು ಮಾಡುತ್ತಾರೆ. ಅದಕ್ಕೇ ಬರೀ ವಿಮೆಗೆ ಒಂದು ಪತ್ರ ಬರೆಸಿ ಮುಗಿಸುವುದು ಬೇಡ, ದಾಖಲೆಯೇ ಸರಿಯಾಗಲಿ ಅಂತ ಹಟ ಹಿಡಿದೆ.

ಬೆಳಗಿನ ಮೊದಲ ಬಸ್ ಹಿಡಿದು ಮೈಸೂರಿಗೆ ಹೋದೆ. ದಾಖಲೆ ವಿಭಾಗ ಆಸ್ಪತ್ರೆಯ ನೆಲಮಾಳಿಗೆಯಲ್ಲಿತ್ತು. ಅಲ್ಲಿದ್ದವರು ಮೊದಲು, "ಕೋಡ್ ಸರಿಯಾಗಿಯೇ ಇದೆ, ಸಮ್ಮರಿ ನೋಡಿ" ಅಂದರು. ನಾನು ಕೋಡ್ ತಪ್ಪು ಅಂತ ಶುರು ಮಾಡಲಿಲ್ಲ. ಸಮ್ಮರಿ ನೋಡಿದರೆ ಕೋಡ್ ಸರಿ ಅಂತ ನಾನೂ ಒಪ್ಪಿದೆ. ಒಟಿ ನೋಟ್ ಒಮ್ಮೆ ತೆಗೆಯಿರಿ ಅಂದೆ. ಫೈಲ್ ಬಂತು. ದಾರ ಬಿಚ್ಚಿ ಒಂದೊಂದೇ ಹಾಳೆ ಮಗುಚಿದೆವು. ನೀಲಿ ಇಂಕಿನಲ್ಲಿ, ಸರ್ಜನ್ ಕೈಬರಹದಲ್ಲಿ, ಗಾಯದ ಅಳತೆ, ಒಳಗೆ ಕಂಡ ಮಣ್ಣು, ಕೊನೆಗೆ 'ಗ್ರೇಡ್ 3ಎ' ಅಂತ ಸ್ಪಷ್ಟವಾಗಿ ಇತ್ತು. ಅವರು ಅದನ್ನು ಬೆರಳಿಟ್ಟು ಎರಡು ಸಲ ಓದಿದರು. ಆಮೇಲೆ ಕುರ್ಚಿ ಎಳೆದು ಕೂರಲು ಹೇಳಿದರು.

ಅಲ್ಲಿಂದ ಮುಂದೆ ಅವರೇ ನನಗಿಂತ ಆಸಕ್ತಿಯಿಂದ ಮಾಡಿದರು. ಸರ್ಜನ್‌ಗೆ ಪ್ರಶ್ನೆ ಹೋಯಿತು, ಸರಿಯಾದ ಕ್ರಮದಲ್ಲಿ. ಸಮ್ಮರಿಯಲ್ಲಿ ಹೀಗಿದೆ, ಒಟಿ ನೋಟಿನಲ್ಲಿ ಹೀಗಿದೆ, ದಯವಿಟ್ಟು ಸ್ಪಷ್ಟಪಡಿಸಿ. ಹಳೆ ಸಮ್ಮರಿಯನ್ನು ಹರಿದು ಹೊಸದು ಕೊಡುವ ಹಾಗಿಲ್ಲ, ಅಳಿಸಿ ತಿದ್ದುವ ಹಾಗೂ ಇಲ್ಲ. ಅದು ಹಾಗೇ ಇರಬೇಕು. ಅದರ ಜೊತೆಗೆ ಸೇರ್ಪಡೆ ಅಂತ ಇನ್ನೊಂದು ಹಾಳೆ, ಅವತ್ತಿನ ತಾರೀಕು, ಸಮಯ, ಡಾಕ್ಟರ ಸಹಿ. ಸರ್ಜನ್ ಒಂದು ಆಪರೇಷನ್ ಮುಗಿಸಿ ಬಂದು ಬರೆದುಕೊಟ್ಟರು: ಓಪನ್ ಕಮಿನ್ಯೂಟೆಡ್ ಫ್ರ್ಯಾಕ್ಚರ್, ಬಲ ತೊಡೆ ಮೂಳೆಯ ನಡುಭಾಗ, ಗುಸ್ಟಿಲೊ ಆಂಡರ್ಸನ್ ಟೈಪ್ 3ಎ. ಅದರ ಮೇಲೆ ಬಿ ಭಾಗ ಹೊಸದಾಗಿ ತುಂಬಿದರು. ಎಸ್72.31.

ಇನ್ನೊಂದು ಖಾಲಿ ಜಾಗವೂ ಅಲ್ಲೇ ಕಣ್ಣಿಗೆ ಬಿತ್ತು. ಪೆಟ್ಟು ಹೇಗಾಯಿತು ಅನ್ನೋದಕ್ಕೂ ಕೋಡ್ ಇದೆ. ಮರದಿಂದ ಬಿದ್ದರೆ ಡಬ್ಲ್ಯೂ14, ಏಣಿಯಿಂದ ಬಿದ್ದರೆ ಡಬ್ಲ್ಯೂ11. ದಾಖಲಾದಾಗ 'ಮರದಿಂದ ಬಿದ್ದರು' ಅಂತ ನಾವೇ ಹೇಳಿದ್ದೆವು. ಜಾರಿದ್ದು ಏಣಿ. ಮರ ಏನೂ ಮಾಡಿರಲಿಲ್ಲ. ಕೊನೆಯಲ್ಲಿ 7 ಹಾಕಿದರೆ ತೋಟ, ಹೊಲದಂಥ ಜಾಗದಲ್ಲಿ ಆಯಿತು ಅಂತ. ಡಬ್ಲ್ಯೂ11.7. ವಿಮೆಗೆ ಇದರಿಂದ ಏನೂ ವ್ಯತ್ಯಾಸ ಇರಲಿಲ್ಲ. ಆದರೆ ನಮ್ಮ ಜಿಲ್ಲೆಯಲ್ಲಿ ಮೆಣಸಿನ ಕಾಲದಲ್ಲಿ ಏಣಿಯಿಂದ ಎಷ್ಟು ಜನ ಬೀಳುತ್ತಾರೆ ಅಂತ ಯಾರಾದರೂ ಎಣಿಸಬೇಕು ಅಂದರೆ ಈ ಜಾಗ ತುಂಬಿರಬೇಕು. ಆನೆ ತುಳಿತಕ್ಕೂ ಪಟ್ಟಿಯಲ್ಲಿ ಜಾಗ ಇದೆ, ಡಬ್ಲ್ಯೂ55ರ ಒಳಗೆ. ಕೊಡಗಿನಲ್ಲಿ ಕೂತು ಓದುವಾಗ ಆ ಸಾಲುಗಳ ಮೇಲೆ ಕಣ್ಣು ನಿಂತುಬಿಡುತ್ತದೆ.

11ನೇ ದಿನ ವಿಮೆಯವರ ಒಪ್ಪಿಗೆ ಬಂತು. ಚಿಕ್ಕಮ್ಮ ಫೋನಿನಲ್ಲಿ ಮೊದಲು ಕೇಳಿದ್ದು, "ಒಂದು ಸೊನ್ನೆ ಹೋಗಿ ಒಂದು ಬಂದಿದ್ದಕ್ಕಾ ಇಷ್ಟೆಲ್ಲ?" ಅಂತ. ಹೌದು ಅಂದೆ.

ಕಾಲಿನ ಕೆಲಸ ಅಷ್ಟು ಬೇಗ ಮುಗಿಯಲಿಲ್ಲ. ಮಳೆಗಾಲ ಪೂರ್ತಿ ಚಿಕ್ಕಪ್ಪ ವಾಕರ್ ಹಿಡಿದು ಹಜಾರದಲ್ಲೇ ನಡೆದರು. ಜುಲೈನಲ್ಲಿ ನಮ್ಮಲ್ಲಿ ಕರೆಂಟ್ ಹೋದರೆ ಎರಡು ಮೂರು ದಿನ ಬರುವುದಿಲ್ಲ. ನಾನು ಬ್ಯಾಟರಿ ಇರುವಷ್ಟು ಹೊತ್ತು ಕೆಲಸ ಮಾಡುತ್ತಿದ್ದೆ, ಉಳಿದ ಹೊತ್ತು ಅವರ ಜೊತೆ ಕೂರುತ್ತಿದ್ದೆ. ಆಗಸ್ಟ್ ಕೊನೆಯ ಎಕ್ಸ್‌ರೇಯಲ್ಲಿ ಮೂಳೆ ಕೂಡುವ ಗುರುತು ಕಡಿಮೆ ಇತ್ತು. ಡಾಕ್ಟರು 'ಡಿಲೇಡ್ ಯೂನಿಯನ್' ಅಂತ ಬರೆದರು. ಅಮೆರಿಕದ ಲೆಕ್ಕದಲ್ಲಿ ಎಫ್ ಇದ್ದದ್ದು ಜೆ ಆಯಿತು ಅಂತ ನನ್ನ ಮನಸ್ಸು ತಾನೇ ಹೇಳಿಕೊಂಡಿತು. ಮುಂದಿನ ಅಕ್ಷರ ಎನ್ ಆಗಬಾರದು ಅಂತ ಅವತ್ತು ರಾತ್ರಿ ದೇವರಿಗೆ ಕೈ ಮುಗಿದೆ. ಎನ್ ಅಂದರೆ ಮೂಳೆ ಕೂಡಲೇ ಇಲ್ಲ ಅಂತ. ಮೊದಲೆಲ್ಲ ಆ ಅಕ್ಷರಗಳನ್ನು ಒಂದರ ಕೆಳಗೊಂದು ಬರೆದು ಕಲಿತಿದ್ದೆ. ಒಂದರಿಂದ ಇನ್ನೊಂದಕ್ಕೆ ಹೋಗಲು ಒಬ್ಬ ಮನುಷ್ಯನಿಗೆ ಎಷ್ಟು ತಿಂಗಳು ಬೇಕು, ಆ ತಿಂಗಳುಗಳಲ್ಲಿ ಮನೆ ಹೇಗೆ ನಡೆಯುತ್ತದೆ ಅಂತ ಆಗ ಯೋಚಿಸಿರಲಿಲ್ಲ.

ರಾಡಿನ ಒಂದು ತುದಿಯ ಸ್ಕ್ರೂ ತೆಗೆದರು. ಕಾಲಿನ ಮೇಲೆ ಭಾರ ಬಿದ್ದಷ್ಟೂ ಮುರಿದ ತುದಿಗಳು ಒಂದಕ್ಕೊಂದು ಒತ್ತಿ ಕೂಡಲಿ ಅಂತ. ಚಿಕ್ಕಪ್ಪ ನೋವು ಕಚ್ಚಿ ಹಿಡಿದು ಅಂಗಳದಲ್ಲಿ ದಿನಕ್ಕೆ ಇಷ್ಟು ಸುತ್ತು ಅಂತ ನಡೆದರು. ಡಿಸೆಂಬರ್ ಎಕ್ಸ್‌ರೇಯಲ್ಲಿ ಮುರಿತದ ಸುತ್ತ ಬೆಳ್ಳಗೆ ಮೋಡದ ಹಾಗೆ ಹೊಸ ಮೂಳೆ ಬಂದಿತ್ತು.

ಅವತ್ತಿನ ಒಪಿಡಿ ಚೀಟಿ ನನ್ನ ಹತ್ತಿರ ಇದೆ. ಸರ್ಜನ್ ಅದರಲ್ಲಿ ಒಂದು ಪದವನ್ನೂ ಅರ್ಧ ಮಾಡಿಲ್ಲ. ಓಪನ್ ಅಂತ ಪೂರ್ತಿ, ಕಮಿನ್ಯೂಟೆಡ್ ಅಂತ ಪೂರ್ತಿ, ಟೈಪ್ 3ಎ, ಕೂಡುತ್ತಿದೆ ಅಂತ. ಬರೆದು ನನ್ನ ಕಡೆ ತಿರುಗಿಸಿ, "ಓದೋಕೆ ಆಗುತ್ತಾ?" ಅಂತ ಕೇಳಿದರು. ಆಗುತ್ತೆ ಅಂದೆ. ಮನೆಗೆ ಬಂದಾಗ ಸಂಜೆಯಾಗಿತ್ತು. ಕಣದಲ್ಲಿ ಅರೇಬಿಕಾ ಒಣಗಲು ಹಾಕಿದ್ದರು. ಚಿಕ್ಕಪ್ಪ ಕೋಲನ್ನು ಗೋಡೆಗೆ ಒರಗಿಸಿ, ಹಲಗೆ ತಗೊಂಡು, ಇಬ್ಬನಿ ಬೀಳುವ ಮೊದಲು ಕಾಫಿ ಒಟ್ಟುಮಾಡಲು ಇಳಿದರು.